ಬಾತುಕೋಳಿಯ ಹೊಟ್ಟೆಯೊಳಗೊಂದು ಅಂಗಡಿ

ಬೀಗದ ಕೈ ಮಾಡುವವನು ಅಂಗಡಿಯ ಮುಂದೆ ಮೊಳದುದ್ದದ ತಗಡಿನ ಬೀಗದ ಕೈ ತೂಗುಹಾಕುತ್ತಾನೆ. ಕನ್ನಡಕ ಮಾರುವವನು ರಾಕ್ಷಸನ ಮೂಗಿಗೆ ಒಪ್ಪುವಂಥ ಕನ್ನಡಕವನ್ನು ಬೋರ್ಡಿನ ಮೇಲೆ ಕೂರಿಸುತ್ತಾನೆ. ಅಕ್ಷರ ಬಾರದವರಿಗೂ ಅಂಗಡಿಯಲ್ಲಿ ಏನು ಸಿಗುತ್ತದೆಂದು ತಿಳಿಯಲಿ ಎಂಬ ಹಳೆಯ ಉಪಾಯವಿದು. ಆದರೆ ಅಂಗಡಿಯೇ ತಾನು ಮಾರುವ ಪದಾರ್ಥದ ಆಕಾರ ತಾಳಿಬಿಟ್ಟರೆ? ಅಮೆರಿಕದ ರಸ್ತೆಗಳ ಪಕ್ಕದಲ್ಲಿ ನಿಜವಾಗಿಯೂ ಹಾಗಾಯಿತು. ಕಾಫಿಯ ಹೋಟೆಲು ಕಾಫಿ ಕೆಟಲಾಯಿತು, ಸಾಸೇಜು ಮಾರುವ ಗೂಡಂಗಡಿ ಬನ್ನಿನೊಳಗಿನ ಸಾಸೇಜೇ ಆಯಿತು.

ಇದಕ್ಕೆ ಕಾರಣ ಮೋಟಾರು ಕಾರು. ಕಾಲ್ನಡಿಗೆಯಲ್ಲಿ ಹೋಗುವವರು ನಿಂತು ಬೋರ್ಡು ಓದಿಯಾರು, ನಾಲ್ಕು ಮಾತಾಡಿಯಾರು, ಚೌಕಾಸಿಗೂ ಇಳಿದಾರು. ಗಂಟೆಗೆ ನಲವತ್ತು ಮೈಲಿ ವೇಗದಲ್ಲಿ ಓಡುವವನಿಗೆ ಅಷ್ಟು ಪುರಸೊತ್ತೆಲ್ಲಿ? ಕಣ್ಣಿಗೆ ಬಿದ್ದು ಬ್ರೇಕು ಒತ್ತುವಷ್ಟರಲ್ಲಿ ಅಂಗಡಿ ಹಿಂದೆ ಸರಿದಿರುತ್ತದೆ. 1920ರ ದಶಕದಲ್ಲಿ ಅಮೆರಿಕದ ಮಧ್ಯಮವರ್ಗದ ಮನೆಗಳಿಗೆ ಕಾರು ಬಂತು. ಅದರಲ್ಲೂ ಕ್ಯಾಲಿಫೋರ್ನಿಯದಲ್ಲಿ ಮಳೆಯೂ ಕಡಿಮೆ, ಚಳಿಯೂ ಕಡಿಮೆ. ಮರದ ಹಂದರಕ್ಕೆ ತಂತಿ ಬಲೆ ಬಿಗಿದು ಗಾರೆ ಮೆತ್ತಿದರೂ ಕಟ್ಟಡ ನಿಲ್ಲುತ್ತಿತ್ತು. ಇನ್ನೇನು ಬೇಕು?

ಅಂಥ ಕಟ್ಟಡಗಳಲ್ಲಿ ನನಗೆ ಬಹಳ ಹಿಡಿಸಿದ್ದು ಕ್ಯಾಲಿಫೋರ್ನಿಯದ್ದಲ್ಲ, ನ್ಯೂಯಾರ್ಕಿನ ಮಗ್ಗುಲಲ್ಲಿರುವ ಲಾಂಗ್ ಐಲೆಂಡಿನದು. 1873ರಲ್ಲಿ ಚೀನಾದಿಂದ ಅಮೆರಿಕಕ್ಕೆ ಬಂದ ಬಿಳಿಯ ಪೀಕಿಂಗ್ ಬಾತುಕೋಳಿಗಳಿಗೆ ಈ ದ್ವೀಪದ ಹಳ್ಳಕೊಳ್ಳಗಳು ಚೆನ್ನಾಗಿ ಒಗ್ಗಿದವು. ಸಾಕಣೆಯೇ ಅಲ್ಲಿನ ದೊಡ್ಡ ಕಸುಬಾಯಿತು. ಮಾರ್ಟಿನ್ ಮೌರರ್ ಎಂಬ ರೈತ ಹೆಂಡತಿಯೊಡನೆ ಕ್ಯಾಲಿಫೋರ್ನಿಯಕ್ಕೆ ಪ್ರವಾಸ ಹೋಗಿದ್ದಾಗ ಕಾಫಿ ಕೆಟಲಿನ ಆಕಾರದ ಹೋಟೆಲೊಂದನ್ನು ನೋಡಿದನಂತೆ. 1931ರಲ್ಲಿ ರಿವರ್‌ಹೆಡ್ ಎಂಬಲ್ಲಿ ತನ್ನದೂ ಒಂದನ್ನು ಕಟ್ಟಿಸಿಯೇಬಿಟ್ಟ. ಸುಮಾರು ಇಪ್ಪತ್ತು ಅಡಿ ಎತ್ತರ, ಮೂವತ್ತು ಅಡಿ ಉದ್ದದ ಬಿಳಿಯ ಸಿಮೆಂಟಿನ ಬಾತುಕೋಳಿ! ಕೆಲಸಕ್ಕೆ ಹಿಡಿದವರು ಒಬ್ಬ ಬಡಗಿ ಮತ್ತು ನಾಟಕದ ರಂಗಸಜ್ಜಿಕೆ ಮಾಡುತ್ತಿದ್ದ ಇಬ್ಬರು ಅಣ್ಣತಮ್ಮಂದಿರು. ಮಾದರಿಗೆಂದು ಒಂದು ಜೀವಂತ ಬಾತುಕೋಳಿಯನ್ನು ಜಗಲಿಗೆ ಕಟ್ಟಿಹಾಕಿದ್ದರಂತೆ. ಒಳಗಿನ ಹಂದರ ಹೇಗಿರಬೇಕೆಂದು ತಿಳಿಯಲು ಬೇಯಿಸಿದ ಕೋಳಿಯ ಮೂಳೆಗೂಡನ್ನು ಎದುರಿಗಿಟ್ಟುಕೊಂಡರಂತೆ. ವಾಸ್ತುಶಿಲ್ಪದ ಪಾಠ ಅಡುಗೆಮನೆಯಿಂದ ಹೋಯಿತೆಂದು ನಾವು ಹೇಳಿಕೊಳ್ಳಬಹುದು. ಕಣ್ಣುಗಳಿಗೆ ಫೋರ್ಡ್ ಮಾಡೆಲ್ ಟಿ ಕಾರಿನ ಹಿಂದಿನ ದೀಪಗಳನ್ನು ಕೂರಿಸಿದರು. ಇರುಳಿನಲ್ಲಿ ಅವು ಕೆಂಪಗೆ ಉರಿಯುತ್ತಿದ್ದವು. ಎದೆಯಲ್ಲಿ ಬಾಗಿಲು. ಒಳಗೆ ನಮ್ಮ ಮನೆಯ ನಡುಕೋಣೆಯಷ್ಟು ಜಾಗ. ಅಲ್ಲಿ ಬಾತುಕೋಳಿಯ ಮಾಂಸ, ಮೊಟ್ಟೆಗಳ ಮಾರಾಟ. ಬಾತುಕೋಳಿಯ ಹೊಟ್ಟೆಯೊಳಗೆ ನಿಂತು ಬಾತುಕೋಳಿ ಕೊಳ್ಳುವುದು ನನಗೇನೋ ಸ್ವಲ್ಪ ವಿಚಿತ್ರವೆನಿಸುತ್ತದೆ. ಕೊಳ್ಳುವವರಿಗೆ ಹಾಗೆನಿಸಿದಂತಿಲ್ಲ, 1937ರ ಹೊತ್ತಿಗೆ ಅಂಗಡಿ ಪಕ್ಕದ ಫ್ಲ್ಯಾಂಡರ್ಸಿಗೆ ಸಾಗಿದ ಮೇಲೂ ವ್ಯಾಪಾರ ದಶಕಗಳ ಕಾಲ ನಡೆಯಿತು.

ಬೇರೆಡೆಯೂ ಇಂಥವು ಬಂದವು. ಲಾಸ್ ಏಂಜಲೀಸ್ ಬಳಿಯ ಇಂಗಲ್‌ವುಡ್‌ನಲ್ಲಿ 1950ರ ದಶಕದ ಡೋನಟ್ ಅಂಗಡಿಯೊಂದರ ಚಾವಣಿಯ ಮೇಲೆ ಮೂವತ್ತು ಅಡಿಗೂ ಮಿಕ್ಕಿದ ಡೋನಟ್ಟು ಎದ್ದು ನಿಂತಿದೆ, ನಮ್ಮ ಉದ್ದಿನ ವಡೆಯ ಹಿರಿಯಣ್ಣನಂತೆ. ಆಸ್ಟ್ರೇಲಿಯದ ಕಾಫ್ಸ್ ಹಾರ್ಬರಿನಲ್ಲಿ 1964ರಲ್ಲಿ ದೊಡ್ಡ ಬಾಳೆಹಣ್ಣು, ಕ್ವೀನ್ಸ್‌ಲ್ಯಾಂಡಿನಲ್ಲಿ 1971ರಲ್ಲಿ ಐದಾರು ಆಳೆತ್ತರವನ್ನೂ ಮೀರಿದ ಅನಾನಸು. ನಮ್ಮ ನೆರೆಯ ಹೈದರಾಬಾದಿನಲ್ಲಿ ಮೀನುಗಾರಿಕೆ ಮಂಡಳಿಯ ಕಚೇರಿಯೇ ಮೀನಾಗಿದೆ. ಅಲ್ಲಿ ಫೈಲುಗಳು ಈಜುತ್ತವೋ ತೆವಳುತ್ತವೋ ಹೋಗಿ ನೋಡಿದವರೇ ಹೇಳಬೇಕು.

ಓದಿದವರಿಗೆ ಇವೆಲ್ಲ ಹಾಸ್ಯಾಸ್ಪದವಾಗಿದ್ದವು. ಪೀಟರ್ ಬ್ಲೇಕ್ ಎಂಬ ವಾಸ್ತುಶಿಲ್ಪಿ 1964ರಲ್ಲಿ ‘ಗಾಡ್ಸ್ ಓನ್ ಜಂಕ್‌ಯಾರ್ಡ್’ ಎಂಬ ಪುಸ್ತಕ ಬರೆದು, ಅಮೆರಿಕದ ರಸ್ತೆಗಳು ಕುರೂಪವಾದುದಕ್ಕೆ ಸಾಕ್ಷಿಯೆಂದು ಮೌರರನ ಬಾತುಕೋಳಿಯ ಚಿತ್ರವನ್ನೂ ಹಾಕಿದ. ಅದನ್ನು ಬೇರೆ ಕಣ್ಣಿನಿಂದ ನೋಡಿದವರಲ್ಲಿ ಒಬ್ಬ ಹೆಂಗಸಿದ್ದಾಳೆ. ನಾನು ಇಷ್ಟೆಲ್ಲ ಬರೆದದ್ದು ಅವಳ ಬಳಿಗೆ ಬರಲೆಂದೇ.

ಡೆನಿಸ್ ಸ್ಕಾಟ್ ಬ್ರೌನ್ ಹುಟ್ಟಿದ್ದೂ 1931ರಲ್ಲೇ, ಇಂದಿನ ಜಾಂಬಿಯಾದಲ್ಲಿ. ಬೆಳೆದದ್ದು ದಕ್ಷಿಣ ಆಫ್ರಿಕದಲ್ಲಿ. ತಾಯಿ ವಾಸ್ತುಶಿಲ್ಪ ಓದಿದ್ದರಿಂದ ಅದು ಹೆಂಗಸರ ಕೆಲಸವೆಂದೇ ಈಕೆ ಚಿಕ್ಕಂದಿನಲ್ಲಿ ತಿಳಿದಿದ್ದಳಂತೆ. ಅಮೆರಿಕಕ್ಕೆ ಬಂದು ಪಾಠ ಹೇಳುತ್ತಿದ್ದಾಗ, 1966ರಲ್ಲಿ, ಸಹೋದ್ಯೋಗಿ ರಾಬರ್ಟ್ ವೆಂಚೂರಿಯನ್ನು ಲಾಸ್ ವೇಗಸ್ಸಿನ ದೀಪಗಳನ್ನು ನೋಡಲು ಕರೆದುಕೊಂಡು ಹೋದವಳು ಇವಳೇ. ಮರುವರ್ಷ ಇಬ್ಬರೂ ಮದುವೆಯಾದರು. ಸ್ಟೀವನ್ ಐಜನೋರ್ ಜೊತೆ ಸೇರಿ 1972ರಲ್ಲಿ ‘ಲರ್ನಿಂಗ್ ಫ್ರಮ್ ಲಾಸ್ ವೇಗಸ್’ ಪುಸ್ತಕ ತಂದರು. ಇಡೀ ಕಟ್ಟಡವೇ ಒಂದು ಚಿಹ್ನೆಯಾದರೆ ಅದು ‘ಡಕ್’, ಸಾದಾ ಕಟ್ಟಡಕ್ಕೆ ಬೋರ್ಡು ಹಚ್ಚಿದರೆ ಅದು ‘ಅಲಂಕರಿಸಿದ ಕೊಟ್ಟಿಗೆ’ ಎಂದರು. ಲಾಂಗ್ ಐಲೆಂಡಿನ ರೈತನನ್ನು ನೋಡಿ ನಗುವ ದೊಡ್ಡ ವಾಸ್ತುಶಿಲ್ಪಿಗಳು ತಾವೂ ಗಾಜು, ಕಾಂಕ್ರೀಟಿನಲ್ಲಿ ಬಾತುಕೋಳಿಗಳನ್ನೇ ಕಟ್ಟುತ್ತಿದ್ದಾರೆ, ಅದು ಅವರಿಗೆ ಗೊತ್ತಿಲ್ಲ ಅಷ್ಟೆ ಎಂಬುದು ಅವರ ಚುಚ್ಚುಮಾತು. ಅಂದಿನಿಂದ ‘ಡಕ್’ ಎಂಬುದು ಪಠ್ಯಪುಸ್ತಕದ ಶಬ್ದವಾಯಿತು.

ಆದರೆ ಪುಸ್ತಕದ ಮಾತು ಬಂದಾಗಲೆಲ್ಲ ಹೊಗಳಿಕೆ ಗಂಡನ ಪಾಲಿಗೇ ಹೋಗುತ್ತಿತ್ತು. ಈಕೆ 1975ರಲ್ಲೇ ಈ ಬಗ್ಗೆ ಒಂದು ಖಾರವಾದ ಪ್ರಬಂಧ ಬರೆದು, ಪ್ರಕಟಿಸಿದರೆ ಕಸುಬಿಗೇ ಕುತ್ತು ಎಂದು ಒಳಗಿಟ್ಟಿದ್ದಳು. ಅದು ಅಚ್ಚಾದದ್ದು 1989ರಲ್ಲಿ. ಎರಡೇ ವರ್ಷಕ್ಕೆ, 1991ರಲ್ಲಿ, ವಾಸ್ತುಶಿಲ್ಪದ ಅತಿದೊಡ್ಡ ಗೌರವವಾದ ಪ್ರಿಟ್ಸ್‌ಕರ್ ಪ್ರಶಸ್ತಿ ವೆಂಚೂರಿಯೊಬ್ಬನಿಗೇ ಬಂತು. ಆಕೆ ಸಮಾರಂಭಕ್ಕೆ ಹೋಗಲಿಲ್ಲ. 2013ರಲ್ಲಿ ಹಾರ್ವರ್ಡಿನ ಇಬ್ಬರು ವಿದ್ಯಾರ್ಥಿನಿಯರು, ಈಕೆಯ ಹೆಸರನ್ನೂ ಸೇರಿಸಿ ಎಂದು ಸಹಿ ಸಂಗ್ರಹಕ್ಕೆ ಇಳಿದರು. ಸಾವಿರಾರು ಜನ ಸಹಿ ಹಾಕಿದರು, ಗಂಡನೂ ಹಾಕಿದ. ಹಿಂದಿನ ತೀರ್ಪುಗಾರರ ನಿರ್ಣಯ ಬದಲಿಸಲಾಗದೆಂದು ಉತ್ತರ ಬಂತು. ನಿಯಮ ಹಾಗಿರಬಹುದು, ನನಗಂತೂ ಆ ಉತ್ತರ ಸರಿಕಾಣಲಿಲ್ಲ. 2016ರಲ್ಲಿ ಅಮೆರಿಕದ ವಾಸ್ತುಶಿಲ್ಪಿಗಳ ಸಂಸ್ಥೆ ತನ್ನ ಚಿನ್ನದ ಪದಕವನ್ನು ಇಬ್ಬರಿಗೂ ಸೇರಿಸಿ ಕೊಟ್ಟಿತು. ಎರಡು ವರ್ಷದ ಮೇಲೆ ವೆಂಚೂರಿ ತೀರಿಕೊಂಡ.

ಇತ್ತ ನಮ್ಮ ಬಾತುಕೋಳಿಯ ಗತಿಯೂ ಏರುಪೇರಿನದೇ. 1980ರ ದಶಕದಲ್ಲಿ ಅಂಗಡಿ ಮುಚ್ಚಿತು, ಜಾಗದಲ್ಲಿ ಬೇರೇನೋ ಕಟ್ಟುವ ಮಾತು ಬಂತು. 1987ರಲ್ಲಿ ಅದನ್ನು ಸಫೋಕ್ ಕೌಂಟಿಗೆ ದಾನ ಕೊಟ್ಟರು. ಮರುವರ್ಷ ಲಾರಿಯ ಮೇಲೇರಿ ಉದ್ಯಾನವೊಂದಕ್ಕೆ ಹೋಯಿತು. 1997ರಲ್ಲಿ ರಾಷ್ಟ್ರೀಯ ಚಾರಿತ್ರಿಕ ಸ್ಥಳಗಳ ಪಟ್ಟಿಗೆ ಸೇರಿತು. ಕುರೂಪವೆಂದು ಹೀಯಾಳಿಸಿಕೊಂಡದ್ದೇ ಸ್ಮಾರಕವಾಯಿತು! 2007ರಲ್ಲಿ ಫ್ಲ್ಯಾಂಡರ್ಸಿಗೆ ವಾಪಸು ಬಂತು. ಆದರೆ ಸುತ್ತಲಿನ ಸಾಕಣೆಯೇ ಅಷ್ಟರಲ್ಲಿ ಕರಗಿಹೋಗಿತ್ತು. ಜಮೀನಿನ ಬೆಲೆ ಏರಿ, ಕೊಳಚೆ ನೀರಿನ ಕಟ್ಟುಪಾಡುಗಳು ಬಿಗಿಯಾಗಿ ಒಂದೊಂದೇ ಫಾರ್ಮು ಮುಚ್ಚಿತು. ದ್ವೀಪದಲ್ಲಿ ಉಳಿದಿದ್ದ ಕಟ್ಟಕಡೆಯ ಫಾರ್ಮಿಗೆ 2025ರ ಜನವರಿಯಲ್ಲಿ ಹಕ್ಕಿಜ್ವರ ಬಡಿದು, ಹತ್ತಿರಹತ್ತಿರ ಒಂದು ಲಕ್ಷ ಬಾತುಗಳನ್ನು ಕೊಲ್ಲಬೇಕಾಯಿತು.

ಸಿಮೆಂಟಿನದಕ್ಕೆ ಜ್ವರದ ಭಯವಿಲ್ಲ. ಈಗ ಅದರ ಹೊಟ್ಟೆಯಲ್ಲಿ ಮಾಂಸವೂ ಇಲ್ಲ, ಮೊಟ್ಟೆಯೂ ಇಲ್ಲ. ನೆನಪಿನ ಕಾಣಿಕೆಗಳನ್ನು ಮಾರುತ್ತಾರೆ. ಕ್ರಿಸ್‌ಮಸ್ ಕಾಲದಲ್ಲಿ ಅದಕ್ಕೆ ದೀಪದ ಸರ ಹಾಕುತ್ತಾರೆ. ಶಾಲೆಯ ಮಕ್ಕಳು ಬಂದು, ಹಬ್ಬದ ಹಾಡುಗಳಲ್ಲಿ ಬಾತುಕೋಳಿಯ ಹೆಸರು ತೂರಿಸಿ ಹಾಡುತ್ತಾರೆ.