ಗಲಭೆಯ ಸುದ್ದಿ ಬರೆದವರು ಯಾರು?

ಅಮೆರಿಕದ ಇತಿಹಾಸದಲ್ಲಿ ಕರ್ನರ್ ಆಯೋಗದ ವರದಿ ಎಂಬುದೊಂದಿದೆ. ಅದರಲ್ಲಿ ಪತ್ರಿಕೆ ಮತ್ತು ಟಿವಿಯ ಬಗ್ಗೆಯೇ ಒಂದು ಪೂರ್ತಿ ಅಧ್ಯಾಯವಿದೆ. ಈ ಸಲ ಅದರ ಬಗ್ಗೆ ಬರೆಯುತ್ತಿದ್ದೇನೆ.

1967ರ ಜುಲೈ 23ರ ನಸುಕಿನಲ್ಲಿ ಡೆಟ್ರಾಯಿಟ್ ಪೊಲೀಸರು ಪರವಾನಗಿ ಇಲ್ಲದ ಒಂದು ಬಾರ್ ಮೇಲೆ ದಾಳಿ ಮಾಡಿ, ಅಲ್ಲಿದ್ದ ಕಪ್ಪುವರ್ಣೀಯರನ್ನು ಬಂಧಿಸಿದರು. ಹೊರಗೆ ಜನ ಸೇರಿದರು, ಗಲಭೆ ಶುರುವಾಯಿತು. ಕೊನೆಗೆ 43 ಜನ ಸತ್ತರು. ಆ ಬೇಸಿಗೆಯಲ್ಲಿ ಬೇರೆ ಊರುಗಳಲ್ಲೂ ಹೀಗೇ ಆಯಿತು. ಕಾರಣ ಹುಡುಕಲು ಅಧ್ಯಕ್ಷ ಲಿಂಡನ್ ಜಾನ್ಸನ್ ಒಂದು ಆಯೋಗ ನೇಮಿಸಿದರು. ಇಲಿನಾಯ್ ರಾಜ್ಯದ ಗವರ್ನರ್ ಒಟ್ಟೋ ಕರ್ನರ್ ಅದರ ಮುಖ್ಯಸ್ಥರು. ಮಾಧ್ಯಮಗಳಿಂದ ಗಲಭೆಯ ಮೇಲೆ ಏನು ಪರಿಣಾಮವಾಯಿತು ಎಂದೂ ಅಧ್ಯಕ್ಷರು ಕೇಳಿದ್ದರು.

1968ರಲ್ಲಿ ವರದಿ ಬಂತು. ಒಟ್ಟಿನಲ್ಲಿ ಪತ್ರಕರ್ತರು ಸಮತೋಲನದಿಂದ ಬರೆಯಲು ಪ್ರಯತ್ನಿಸಿದ್ದಾರೆ ಎಂದು ಆಯೋಗ ಒಪ್ಪಿಕೊಂಡಿತು. ಆದರೆ ಲೆಕ್ಕಗಳು ಉಬ್ಬಿದ್ದವು. ಡೆಟ್ರಾಯಿಟ್‌ನ ನಷ್ಟ 20 ಕೋಟಿಯಿಂದ 50 ಕೋಟಿ ಡಾಲರ್ ಎಂದು ಪತ್ರಿಕೆಗಳು ಮೊದಲು ಬರೆದಿದ್ದವು. ಆಮೇಲೆ ಲೆಕ್ಕ ಹಾಕಿದಾಗ ಅದು ಹೆಚ್ಚೆಂದರೆ 4.5 ಕೋಟಿ!

ಇದಕ್ಕಿಂತ ದೊಡ್ಡ ತಪ್ಪು ಇನ್ನೊಂದಿತ್ತು. ಬೆಂಕಿ ಎಲ್ಲರಿಗೂ ಕಂಡಿತು. ಆದರೆ ಅದರ ಹಿಂದಿದ್ದ ಹಾಳು ಮನೆಗಳು, ನಿರುದ್ಯೋಗ, ಪೊಲೀಸರ ವರ್ತನೆ, ಇವು ಸುದ್ದಿಯಾಗಿರಲಿಲ್ಲ. ಯಾಕೆ? ಸುದ್ದಿಮನೆಗಳ ಸಂಪಾದಕೀಯ ಕೆಲಸಗಾರರಲ್ಲಿ ಕಪ್ಪುವರ್ಣೀಯರು ಶೇ. 5ಕ್ಕಿಂತ ಕಡಿಮೆ. ಸಂಪಾದಕರಲ್ಲಿ ಶೇ. 1 ಕೂಡ ಇರಲಿಲ್ಲ.

1965ರಲ್ಲಿ ವಾಟ್ಸ್ ಬಡಾವಣೆಯಲ್ಲಿ ಗಲಭೆಯಾದಾಗ ‘ಲಾಸ್ ಏಂಜಲೀಸ್ ಟೈಮ್ಸ್’ನಲ್ಲಿ ಒಬ್ಬ ಕಪ್ಪುವರ್ಣೀಯ ವರದಿಗಾರನೂ ಇರಲಿಲ್ಲ. ಜಾಹೀರಾತು ವಿಭಾಗದ ಕಪ್ಪು ಯುವಕನೊಬ್ಬ ಬೀದಿಯ ಫೋನಿನಿಂದ ಸುದ್ದಿ ಹೇಳಿದ. ಮರುವರ್ಷ ಆ ವರದಿಗಳಿಗೆ ಪತ್ರಿಕೆಗೆ ಪುಲಿಟ್ಜರ್ ಪ್ರಶಸ್ತಿ ಬಂತು.

ಇದು ಹಳೆಯ ಕಥೆ ಮಾತ್ರ ಅಲ್ಲ. 2020ರ ಮೇ 25ರಂದು ಮಿನಿಯಾಪೊಲಿಸ್‌ನಲ್ಲಿ ಜಾರ್ಜ್ ಫ್ಲಾಯ್ಡ್ ಸತ್ತಾಗ, ಪೊಲೀಸರ ಮೊದಲ ಪ್ರಕಟಣೆ ಅದನ್ನು ಆರೋಗ್ಯದ ತೊಂದರೆ ಎಂಬಂತೆ ಹೇಳಿತು. ಕುತ್ತಿಗೆಯ ಮೇಲಿದ್ದ ಮೊಣಕಾಲಿನ ಮಾತೇ ಅದರಲ್ಲಿರಲಿಲ್ಲ. ನಿಜ ಗೊತ್ತಾಗಿದ್ದು ದಾರಿಯಲ್ಲಿ ನಿಂತು ಫೋನಿನಲ್ಲಿ ವಿಡಿಯೊ ಮಾಡಿದ 17 ವರ್ಷದ ಹುಡುಗಿಯಿಂದ. ನನಗಿಂತ ಒಂದೇ ವರ್ಷ ದೊಡ್ಡವಳು! 2021ರಲ್ಲಿ ಪುಲಿಟ್ಜರ್ ಮಂಡಳಿ ಅವಳಿಗೆ ವಿಶೇಷ ಗೌರವ ಕೊಟ್ಟಿತು.

ಪೊಲೀಸರ ಮಾತು ಯಾವಾಗಲೂ ಸುಳ್ಳು, ವಿಡಿಯೊ ಯಾವಾಗಲೂ ಪೂರ್ತಿ ಸತ್ಯ ಎಂದು ನಾನು ಹೇಳುತ್ತಿಲ್ಲ. ವಿಡಿಯೊದಲ್ಲೂ ಮೊದಲು ಏನಾಯಿತು, ಆಮೇಲೆ ಏನಾಯಿತು ಎಂಬುದು ಇಲ್ಲದೆ ಇರಬಹುದು. ಆದ್ದರಿಂದ ಪ್ರತಿಭಟನೆಯ ಸುದ್ದಿ ನೋಡುವಾಗ ಮೂರು ಪ್ರಶ್ನೆ ಕೇಳೋಣ: ಇದನ್ನು ಹೇಳಿದವರು ಯಾರು? ಯಾರನ್ನು ಮಾತಾಡಿಸಲೇ ಇಲ್ಲ? ಬೆಂಕಿ ಹತ್ತುವ ಮೊದಲು ಅಲ್ಲಿ ಏನು ನಡೆದಿತ್ತು?