ನಾಲೆ ನೀರು ಹತ್ತದ ಊರುಗಳ ಲೆಕ್ಕ

2020ರ ಮೇ ತಿಂಗಳಲ್ಲಿ ದಿನಾ ಸಂಜೆ ಬರುತ್ತಿದ್ದ ಕೊರೊನಾ ಬುಲೆಟಿನ್‌ನಲ್ಲಿ ಮಂಡ್ಯದ ಹೆಸರಿನ ಮುಂದೆ ಮತ್ತೆ ಮತ್ತೆ ಒಂದೇ ಮಾತು ಕಾಣುತ್ತಿತ್ತು: ಮುಂಬೈನಿಂದ ವಾಪಸಾದವರು. ಅವರಲ್ಲಿ ಬಹಳ ಜನ ಕೆ.ಆರ್.ಪೇಟೆ, ನಾಗಮಂಗಲ ಕಡೆಯವರು. ಹೊರಗಿನವರಿಗೆ ಇದು ಆಶ್ಚರ್ಯ. ಮಂಡ್ಯ ಅಂದರೆ ಕಬ್ಬು, ಭತ್ತ, ಕಾವೇರಿ. ಅಂಥ ಜಿಲ್ಲೆಯವರು ಮುಂಬೈಗೆ ಯಾಕೆ ಹೋದರು? ನಮ್ಮ ಕಡೆಯವರು ಈ ಪ್ರಶ್ನೆ ಕೇಳಲೇ ಇಲ್ಲ. ಪಹಣಿಯಲ್ಲಿ ತರಿ ಎಂದಿರುವ ಮಂಡ್ಯ ಬೇರೆ, ಖುಷ್ಕಿ ಎಂದಿರುವ ಮಂಡ್ಯ ಬೇರೆ ಎಂಬುದು ಇಲ್ಲಿ ಎಲ್ಲರಿಗೂ ಗೊತ್ತು.

ಇದು ಮತ್ತೆ ತಲೆಗೆ ಬಂದದ್ದು ಅಮೆರಿಕದ ಆರ್ಥಿಕ ಇತಿಹಾಸಕಾರ ಅಲೆಕ್ಸಾಂಡರ್ ಫೀಲ್ಡ್ ಅವರ ವಾದ ಓದುವಾಗ. ಅವರ ‘ಎ ಗ್ರೇಟ್ ಲೀಪ್ ಫಾರ್ವರ್ಡ್’ ಬಂದದ್ದು 2011ರಲ್ಲಿ. 1930ರ ದಶಕ ಎಂದರೆ ಅಮೆರಿಕದಲ್ಲಿ ಬ್ಯಾಂಕು ಮುಳುಗಿ, ಕೆಲಸ ಹೋಗಿ, ಜನ ಬ್ರೆಡ್ಡಿಗೆ ಸಾಲು ನಿಂತ ಕಾಲ. ಅದೇ ದಶಕದಲ್ಲಿ ಆ ದೇಶದ ಉತ್ಪಾದಕತೆ ಹಿಂದೆಂದೂ ಇಲ್ಲದ ವೇಗದಲ್ಲಿ ಏರಿತು ಎನ್ನುತ್ತಾರೆ ಫೀಲ್ಡ್. ಉತ್ಪಾದಕತೆ ಅಂದರೆ ಅಷ್ಟೇ ಆಳು, ಅಷ್ಟೇ ಬಂಡವಾಳದಲ್ಲಿ ಹೆಚ್ಚು ಫಲ ತೆಗೆಯುವುದು. ಕಂಪನಿಗಳ ಪ್ರಯೋಗಾಲಯಗಳು ಒಂದು ಕಾರಣ, ಸರ್ಕಾರದ ದುಡ್ಡಿನ ರಸ್ತೆಗಳು ಇನ್ನೊಂದು. ರಸ್ತೆ ಬಂದದ್ದರಿಂದ ಲಾರಿ ಓಡಿತು, ಸಾಗಣೆ, ವ್ಯಾಪಾರ ಬೆಳೆಯಿತು. 2022ರ ಪುಸ್ತಕದಲ್ಲಿ ಅವರು ಇನ್ನೊಂದು ನಂಬಿಕೆಯನ್ನೂ ಅಲ್ಲಾಡಿಸಿದ್ದಾರೆ. ಎರಡನೇ ಮಹಾಯುದ್ಧ ಅಮೆರಿಕದ ಕಾರ್ಖಾನೆಗಳನ್ನು ಚುರುಕು ಮಾಡಿತು ಅನ್ನುತ್ತಾರಲ್ಲ, ಲೆಕ್ಕ ಹಾಕಿದರೆ ಆ ವರ್ಷಗಳಲ್ಲಿ ಕಾರ್ಖಾನೆಗಳ ಉತ್ಪಾದಕತೆ ಇಳಿದಿತ್ತು ಎಂಬುದು ಅವರ ವಾದ.

ನಮ್ಮ 1930ರ ದಶಕವೂ ಸರ್ಕಾರಿ ಕಾಮಗಾರಿಯದ್ದೇ. ಕನ್ನಂಬಾಡಿ ಕಟ್ಟೆಯ ಕೆಲಸ 1911ರಲ್ಲಿ ಶುರುವಾಗಿ 1931ರಲ್ಲಿ ಮುಗಿಯಿತು. ಅದರ ಎಡದಂಡೆಯಿಂದ ಹೊರಟದ್ದು ಇರ್ವಿನ್ ನಾಲೆ, ಮುಂದೆ ವಿಶ್ವೇಶ್ವರಯ್ಯ ನಾಲೆ. ಹಾಗಂತ ಈ ಸೀಮೆಗೆ ನಾಲೆ ಹೊಸದೇನಲ್ಲ. ಶ್ರೀರಂಗಪಟ್ಟಣದ ಸುತ್ತ ಒಡೆಯರ ಕಾಲದ ನಾಲೆಗಳಿದ್ದವು, ಬಂಗಾರದೊಡ್ಡಿ ನಾಲೆಯಂತೂ ಹೊಳೆಯ ಮೇಲೆ ಹಾದು ದ್ವೀಪಕ್ಕೆ ಬರುತ್ತದೆ. ಕೆ.ಆರ್.ಪೇಟೆಯಲ್ಲಿ ಹೇಮಾವತಿಗೆ ಹೇಮಗಿರಿ, ಮಂದಗೆರೆ ಅಣೆಗಳಿದ್ದವು. ಅವೆಲ್ಲ ಹೊಳೆಯ ಬದಿಯ ಊರುಗಳಿಗೆ. ಹೊಸ ನಾಲೆ ಶ್ರೀರಂಗಪಟ್ಟಣ, ಪಾಂಡವಪುರ ದಾಟಿ, ಹುಲಿಕೆರೆ ಸುರಂಗದಲ್ಲಿ ಗುಡ್ಡ ತೂರಿ, ಮಂಡ್ಯ ಮದ್ದೂರಿನ ರಾಗಿ ಹೊಲಗಳಿಗೆ ನೀರು ಕೊಟ್ಟಿತು. 1932ರಲ್ಲಿ ವಿದೇಶಿ ಸಕ್ಕರೆಯ ಮೇಲೆ ರಕ್ಷಣಾ ಸುಂಕ ಬಿತ್ತು, 1933ರಲ್ಲಿ ಮಂಡ್ಯದಲ್ಲಿ ಮೈಸೂರು ಸಕ್ಕರೆ ಕಂಪನಿ ಆಯಿತು, 1939ರಲ್ಲಿ ಜಿಲ್ಲೆಯೇ ಬೇರೆಯಾಯಿತು. ನೀರು, ಸುಂಕ, ಕಾರ್ಖಾನೆ, ಹತ್ತು ವರ್ಷದೊಳಗೆ ಮೂರೂ. ಫೀಲ್ಡ್ ಅಮೆರಿಕದ ರಸ್ತೆಗಳಲ್ಲಿ ಕಂಡದ್ದನ್ನು ಇಲ್ಲಿ ನಾಲೆಯಲ್ಲಿ ಕಾಣಬಹುದು.

ಆದರೆ ನೀರು ತಗ್ಗಿಗೆ ಹರಿಯುತ್ತದೆ. ನಾಗಮಂಗಲ ಎತ್ತರದ ನೆಲ, ಅದಕ್ಕೆ ಈ ನಾಲೆ ಹತ್ತಲಿಲ್ಲ. ಕೆ.ಆರ್.ಪೇಟೆಯದು ಇನ್ನೂ ವಿಚಿತ್ರ. ಕಟ್ಟೆಯ ಹಿನ್ನೀರು ನಿಂತದ್ದು ಆ ತಾಲ್ಲೂಕಿನ ನೆಲದಲ್ಲೂ ಹೌದು, ನಾಲೆಯಲ್ಲಿ ಹರಿದದ್ದು ಮಾತ್ರ ಕೆಳಗಿನವರ ಗದ್ದೆಗೆ.

ನೀರು ಸಿಕ್ಕ ಊರು, ಸಿಗದ ಊರು ಮುಂದೆ ಏನಾದವು? ಇದನ್ನು ಕೂತು ಬರೆದವರು ಸ್ಕಾರ್ಲೆಟ್ ಎಪ್‌ಸ್ಟೀನ್. ವಿಯೆನ್ನಾದಲ್ಲಿ ಹುಟ್ಟಿ, ನಾಜಿಗಳಿಂದ ತಪ್ಪಿಸಿಕೊಂಡು ಇಂಗ್ಲೆಂಡ್ ಸೇರಿದ ಹೆಣ್ಣುಮಗಳು. 1954ರಲ್ಲಿ ಮಂಡ್ಯದ ಹತ್ತಿರದ ಎರಡು ಹಳ್ಳಿಗಳಲ್ಲಿ ಅಧ್ಯಯನಕ್ಕೆ ಇಳಿದರು. ಪುಸ್ತಕದಲ್ಲಿ ಅವಕ್ಕೆ ವಾಂಗಲ, ದಲೇನ ಎಂದು ಮಾರುಹೆಸರು. ಪುಸ್ತಕ ಬಂದದ್ದು 1962ರಲ್ಲಿ. ವಾಂಗಲಕ್ಕೆ ನಾಲೆ ನೀರು ಬಂತು. ದಲೇನ ಸುತ್ತಲೂ ನೀರಾವರಿ ಇದ್ದ, ತಾನು ಮಾತ್ರ ಎತ್ತರದಲ್ಲಿ ಕೂತ ಒಣ ಊರು.

ಎಲ್ಲರೂ ನೀರು ಬಂದ ಊರು ಬದಲಾಗಿದೆ ಅಂದುಕೊಳ್ಳುತ್ತಾರೆ. ಎಪ್‌ಸ್ಟೀನ್ ಕಂಡದ್ದು ಉಲ್ಟಾ. ವಾಂಗಲದಲ್ಲಿ ದುಡ್ಡು ಹೆಚ್ಚಾಯಿತು, ಕಬ್ಬು ಬಂತು, ಮನೆ ದೊಡ್ಡದಾಯಿತು. ಆದರೆ ಕೆಲಸ ಹೊಲದ್ದೇ. ಒಕ್ಕಲಿಗ ಯಜಮಾನನಿಗೂ ದಲಿತ ಆಳಿಗೂ ನಡುವಿನ ತಲೆಮಾರಿನ ಸಂಬಂಧ, ವರ್ಷಕ್ಕಿಷ್ಟು ಕಾಳು ಅನ್ನುವ ಲೆಕ್ಕ, ಅದೂ ಹಾಗೇ ಉಳಿಯಿತು. ಹೆಚ್ಚು ಬೆಳೆಗೆ ಹೆಚ್ಚು ಆಳು ಬೇಕು, ಯಜಮಾನ ಆಳನ್ನು ಬಿಡುವುದೇಕೆ? ದಲೇನದವರಿಗೆ ಕಾಯಲು ಏನೂ ಇರಲಿಲ್ಲ. ಅವರು ಪಕ್ಕದೂರಲ್ಲಿ ತರಿ ಜಮೀನು ಕೊಂಡರು, ಕಾರ್ಖಾನೆಗೆ ಕಬ್ಬಿನ ಗಾಡಿ ಹೊಡೆದರು, ಹಿಟ್ಟಿನ ಗಿರಣಿ ಹಾಕಿದರು, ಮಂಡ್ಯದಲ್ಲಿ ನೌಕರಿ ಹಿಡಿದರು. ಊರೊಳಗಿನ ಹಳೆಯ ಆಳು-ಯಜಮಾನ ಕಟ್ಟು ಸಡಿಲವಾಯಿತು. 1970ರಲ್ಲಿ ಅವರು ಮತ್ತೆ ಬಂದು ನೋಡಿ ಇನ್ನೊಂದು ಪುಸ್ತಕ ಬರೆದರು.

ಇಲ್ಲಿ ಒಂದು ತಪ್ಪು ಓದು ಸುಲಭ: ನೀರು ಸಿಗದ್ದೇ ಒಳ್ಳೆಯದಾಯಿತು ಅನ್ನುವುದು. ಎಪ್‌ಸ್ಟೀನ್ ಪುಸ್ತಕ ಹೇಳುವುದು ಅದಲ್ಲ. ದಲೇನ ಬದಲಾದದ್ದು ಒಣಗಿತ್ತು ಎಂಬುದಕ್ಕಷ್ಟೇ ಅಲ್ಲ, ಒದ್ದೆಯ ಪಕ್ಕದಲ್ಲಿ ಒಣಗಿತ್ತು ಎಂಬುದಕ್ಕೆ. ಗಾಡಿ ಹೊಡೆಯಲು ಪಕ್ಕದವರ ಕಬ್ಬಿತ್ತು, ದುಡಿಯಲು ಮಂಡ್ಯ ಪೇಟೆಯಿತ್ತು, ರಾತ್ರಿ ಮನೆಗೆ ಬಂದು ಮಲಗಬಹುದಿತ್ತು. ನಾಗಮಂಗಲದ ಒಳಹಳ್ಳಿಯವನಿಗೆ ಸಂಜೆ ವಾಪಸಾಗುವಷ್ಟು ಹತ್ತಿರ ಅಂಥ ಪೇಟೆ ಇರಲಿಲ್ಲ. ಅವನ ದಲೇನ ಬೆಂಗಳೂರು, ಮುಂಬೈಯಲ್ಲಿತ್ತು.

ಫೀಲ್ಡ್ ಅವರ ಲೆಕ್ಕದಲ್ಲಿ ನನಗೆ ಕಾಣುವ ಕೊರತೆಯೂ ಇದೇ. ಇಡೀ ದೇಶದ ಒಟ್ಟು ಫಲವನ್ನು ಅಳೆದರೆ ಏರಿಕೆ ಕಾಣುತ್ತದೆ, ಯಾವ ಊರು ಎದ್ದು ಹೋಯಿತು ಎಂಬುದು ಕಾಣುವುದಿಲ್ಲ. ಮಂಡ್ಯ ಜಿಲ್ಲೆಯ ಕಬ್ಬಿನ ಸರಾಸರಿಯಲ್ಲಿ ಪಾಂಡವಪುರದ ಆಲೆಮನೆ ಇರುತ್ತದೆ, ಮುಂಬೈ ಬಸ್ಸಿನ ಟಿಕೆಟ್ ಇರುವುದಿಲ್ಲ.

ಗೊರೂರಿನ ಹೇಮಾವತಿ ಅಣೆಕಟ್ಟೆ ಮುಗಿದದ್ದು 1979ರಲ್ಲಿ. ಅದರ ನಾಲೆಯ ಒಂದು ಶಾಖೆ ನಾಗಮಂಗಲದ ಹೆಸರಿನಲ್ಲೇ ಇದೆ. ಕನ್ನಂಬಾಡಿಗಿಂತ ಸುಮಾರು ಐವತ್ತು ವರ್ಷ ತಡ. ಅಷ್ಟರಲ್ಲಿ ಎಷ್ಟೋ ಮನೆಗಳವರು ಹೊರಟಾಗಿತ್ತು. 2020ರ ಮೇನಲ್ಲಿ ಚೆಕ್‌ಪೋಸ್ಟಿನಲ್ಲಿ ನಿಂತು ಊರಿನ ಹೆಸರು ಬರೆಸಿದವರಲ್ಲಿ ಅಂಥ ಮನೆಗಳ ಮಕ್ಕಳೂ ಇದ್ದರು.