ಪೋಲೋ ಕೊಂಡರೆ ದುಡ್ಡು ಪೋಲೇ?



ಕಳೆದ ತಿಂಗಳು ನಮ್ಮ ಕನ್ನಡ ಕಾರ್ಯಕ್ರಮಕ್ಕೆ ಪಿಂಪ್ರಿಯಿಂದ ಒಬ್ಬರು ಫೋನ್ ಮಾಡಿದ್ದರು. ಯಾವ ಹಾಡು ಬೇಕು ಸಾರ್ ಅಂತ ಕೇಳಿದೆ. "ಹಾಡು ಆಮ್ಯಾಲ ಹಾಕ್ರಿ ಮೇಡಂ. ನೀವು ಹಳೇ ಪೋಲೋ ಕಾರ್ ಓಡಿಸ್ತೀರಂತ. ಒಂದು ನೋಡೀನಿ, ತಗೋಬೇಕೋ ಬ್ಯಾಡೋ ಹೇಳ್ರಿ" ಅಂದರು. ನಾನು ಕನ್ನಡ ಬಿ.ಎ. ಓದಿದವಳು. ಪಂಪನ ಬಗ್ಗೆ ಕೇಳಿದ್ದರೆ ನಾಲ್ಕು ಮಾತು ಹೇಳುತ್ತಿದ್ದೆ, ಇವರು ಕೇಳಿದ್ದು ವಾಟರ್ ಪಂಪಿನ ಬಗ್ಗೆ! ಮೂವತ್ತು ಸೆಕೆಂಡಿನಲ್ಲಿ ಹೇಳಿ ಮುಗಿಸುವ ವಿಷಯ ಅದಲ್ಲ. ನಕ್ಕು ಹಾಡು ಹಾಕಿಬಿಟ್ಟೆ. ಅವರಿಗೆ ಕೊಡಬೇಕಾಗಿದ್ದ ಉತ್ತರ ಇಲ್ಲಿದೆ. ಸ್ವಲ್ಪ ಉದ್ದ ಆಯಿತು, ಕ್ಷಮಿಸಿ. ಯಾಕೆಂದರೆ ಉತ್ತರ 1974ರಿಂದ ಶುರುವಾಗುತ್ತದೆ.

ನಾವು ಕಾರು ಹುಡುಕುತ್ತಿದ್ದಾಗ ವಿಜಯಪುರದಿಂದ ಅಪ್ಪ ಒಂದು ಮಾತು ಹೇಳಿದ್ದರು. ಸಿದ್ಧೇಶ್ವರ ಜಾತ್ರೆಯ ದನದ ಸಂತೆಯಲ್ಲಿ ಎಷ್ಟೋ ಎತ್ತು ಕೊಂಡವರು ಅವರು. "ನೋಡವಾ, ಹಳೇ ಎತ್ತ ಕೊಳ್ಳುಮುಂದ ಬಾಯಿ ತಗಸಿ ಹಲ್ಲ ನೋಡ್ತಾರ. ನಿನ್ನ ಕಾರಿಗೆ ಹಲ್ಲ ಎಲ್ಲಿ ಅದಾವ?" ನನಗೆ ಉತ್ತರ ಗೊತ್ತಿರಲಿಲ್ಲ. ಆಮೇಲೆ ಗೊತ್ತಾಯಿತು. ಹಲ್ಲು ಇರುವುದು ಕಾರಿನ ಚರಿತ್ರೆಯಲ್ಲಿ.

ಫೋಕ್ಸ್‌ವ್ಯಾಗನ್ ಅಂದರೆ ಒಂದು ಕಾಲಕ್ಕೆ ಬೀಟಲ್ ಒಂದೇ. ಆಮೆಯ ಬೆನ್ನಿನ ಹಾಗೆ ಗುಂಡಗಿದ್ದ ಆ ಕಾರಿಗೆ ಎಂಜಿನ್ ಹಿಂದೆ, ಅದು ತಣ್ಣಗಾಗುತ್ತಿದ್ದುದು ಗಾಳಿಯಿಂದ. ರೇಡಿಯೇಟರೇ ಇಲ್ಲ. 1972ರ ಫೆಬ್ರವರಿ 17ರಂದು ಬೀಟಲ್‌ನ 1,50,07,034ನೇ ಕಾರು ಹೊರಬಂದು ಫೋರ್ಡ್ ಮಾಡೆಲ್ ಟಿಯ ದಾಖಲೆ ಮುರಿಯಿತು. ಮೇಲೆ ಸಂಭ್ರಮ, ಒಳಗೆ ದಿಗಿಲು. ಫಿಯಟ್, ರೆನೋ ಕಂಪನಿಗಳು ಎಂಜಿನ್ ಮುಂದಿಟ್ಟು, ಮುಂದಿನ ಚಕ್ರ ಎಳೆಯುವಂಥ ಹಗುರ ಕಾರು ಮಾಡುತ್ತಿದ್ದವು. ಜನ ಅತ್ತ ವಾಲುತ್ತಿದ್ದರು. ಬೀಟಲ್‌ಗೆ ಬದಲಿ ಏನು ಅಂತ ವೂಲ್ಫ್ಸ್‌ಬರ್ಗ್‌ನಲ್ಲಿ ವರ್ಷಗಟ್ಟಲೆ ತಲೆ ಕೆಡಿಸಿಕೊಂಡರು. ಪೋರ್ಷೆಯವರು ಹಿಂದಿನ ಸೀಟಿನ ಕೆಳಗೇ ಎಂಜಿನ್ ಇಟ್ಟ ಒಂದು ಮಾದರಿ ಮಾಡಿಕೊಟ್ಟಿದ್ದರು. ಇಎ 266 ಅಂತ ಅದರ ಹೆಸರು. ಆಯಿಲ್ ನೋಡಬೇಕಾದರೆ ಅತ್ತೆ ಮಾವನನ್ನು ಎಬ್ಬಿಸಿ ಸೀಟು ಎತ್ತಬೇಕು, ಯೋಚಿಸಿ! 1971ರಲ್ಲಿ ಕಂಪನಿಯ ಮುಖ್ಯಸ್ಥರಾಗಿ ಬಂದ ರುಡಾಲ್ಫ್ ಲೈಡಿಂಗ್ ಅದನ್ನು ಕೈಬಿಟ್ಟರು.

ಅದರ ಬದಲು ಬಂದದ್ದು ಗಾಲ್ಫ್. ಇಟಲಿಯ ಜಾರ್ಜೆಟೊ ಜುಜಾರೊ ಬರೆದ ಚೂಪು ಅಂಚಿನ ಆಕಾರ. ಎಂಜಿನ್ ಮುಂದೆ, ಅದೂ ಅಡ್ಡಡ್ಡ. ತಣಿಸುವುದು ನೀರು. ಎಳೆಯುವುದು ಮುಂದಿನ ಚಕ್ರ. ಹಿಂದೆ ಗಾಜಿನ ಸಮೇತ ಮೇಲಕ್ಕೆತ್ತುವ ಬಾಗಿಲು, ಅದೇ ಹ್ಯಾಚ್. ನೀರಿನ ಎಂಜಿನ್ ಮತ್ತು ಮುಂಚಕ್ರದ ವಿದ್ಯೆ ಬಹುಮಟ್ಟಿಗೆ ಫೋಕ್ಸ್‌ವ್ಯಾಗನ್ ಕೊಂಡುಕೊಂಡಿದ್ದ ಆಡಿ ಕಂಪನಿಯದು. 1974ರ ಮಾರ್ಚ್‌ನಲ್ಲಿ ಗಾಲ್ಫ್ ತಯಾರಿಕೆ ಶುರುವಾಯಿತು, ಜುಲೈ 1ಕ್ಕೆ ವೂಲ್ಫ್ಸ್‌ಬರ್ಗ್‌ನ ಕೊನೆಯ ಬೀಟಲ್ ಹೊರಬಿತ್ತು. ಕಂಪನಿ ಆ ವರ್ಷ ನಷ್ಟದಲ್ಲಿತ್ತು, ತೈಲದ ಬೆಲೆ ಬೇರೆ ಗಗನಕ್ಕೇರಿತ್ತು. ಗಾಲ್ಫ್ ಸೋತಿದ್ದರೆ ಕಂಪನಿಯ ಕಥೆ ಅಲ್ಲಿಗೇ ಮುಗಿಯುತ್ತಿತ್ತೇನೋ. ಸೋಲಲಿಲ್ಲ. 1976ರ ಅಕ್ಟೋಬರ್ ಹೊತ್ತಿಗೆ ಹತ್ತು ಲಕ್ಷದ ಗಾಲ್ಫ್ ತಯಾರಾಗಿತ್ತು. ಅದರ ತಮ್ಮನ ಹಾಗೆ, ಆಡಿ 50 ಎಂಬ ಪುಟ್ಟ ಕಾರನ್ನೇ ಅಗ್ಗ ಮಾಡಿ, 1975ರಲ್ಲಿ ತಂದದ್ದು ಪೋಲೋ.

ಇದೆಲ್ಲ ನಮಗ್ಯಾಕೆ ಮೇಡಂ ಅಂತೀರಾ? ತಾಳಿ. ಹಳೇ ಪೋಲೋ ಬಾನೆಟ್ ಎತ್ತಿದರೆ 1974ರ ಆ ತೀರ್ಮಾನಗಳೇ ಕಾಣುತ್ತವೆ. ಗಾಳಿ ಬಿಟ್ಟು ನೀರಿಗೆ ಬಂದಿದ್ದರಿಂದ ಕೂಲಂಟ್ ಅನ್ನುವುದು ಪ್ರಾಣವಾಯಿತು. ಈ ಕಾರಿಗೆ ಗುಲಾಬಿ ಬಣ್ಣದ, ಕಂಪನಿ ಹೇಳಿದ ಕೂಲಂಟೇ ಬೇಕು. ಹಸಿರು ಕೂಲಂಟ್ ಬೆರೆಸಿದ್ದರೆ, ಇಲ್ಲವೇ ಬೋರ್‌ವೆಲ್ ನೀರು ಸುರಿದಿದ್ದರೆ ಒಳಗೆ ಕೆಸರು, ಪಾಚಿ ಬಣ್ಣದ ಗಸಿ. ಥರ್ಮೋಸ್ಟಾಟ್‌ನ ಪ್ಲಾಸ್ಟಿಕ್ ಗೂಡು ವಯಸ್ಸಾದಂತೆ ಬಿರುಕು ಬಿಟ್ಟು ಸೋರುವುದೂ ಉಂಟು. ಕೊಳ್ಳುವಾಗ ಎಂಜಿನ್ ತಣ್ಣಗಿರುವಾಗಲೇ ಕೂಲಂಟ್ ಡಬ್ಬಿಯ ಬಣ್ಣ ನೋಡಿ. ಬಿಸಿಯಿದ್ದಾಗ ಮುಚ್ಚಳ ತೆಗೆಯಬೇಡಿ, ಮುಖಕ್ಕೇ ಚಿಮ್ಮುತ್ತದೆ. ಇನ್ನು ಮುಂಚಕ್ರದ ಎಳೆತ. ಭಾರವೆಲ್ಲ ಮುಂದೆ, ಎಳೆಯುವುದೂ ತಿರುಗಿಸುವುದೂ ಅವೇ ಎರಡು ಚಕ್ರ. ಖಾಲಿ ಜಾಗದಲ್ಲಿ ಸ್ಟೇರಿಂಗ್ ಪೂರ್ತಿ ತಿರುಗಿಸಿ ನಿಧಾನ ಓಡಿಸಿ. ಟಕ್ ಟಕ್ ಅಂದರೆ ಡ್ರೈವ್ ಶಾಫ್ಟಿನ ಕೀಲು ಸವೆದಿದೆ ಅಂತ. ಹಂಪಿನ ಮೇಲೆ ಗುಡುಗಿದರೆ ಲೋಯರ್ ಆರ್ಮ್ ಬುಷ್ ಹೋಗಿರಬಹುದು. ನಮ್ಮ ರಸ್ತೆಯ ಗುಂಡಿಗಳನ್ನು ಕಂಡ ಯಾವ ಕಾರಿಗೂ ಅದು ತಪ್ಪಿದ್ದಲ್ಲ.

ಈಗ ನಮ್ಮೂರಿಗೆ ಬರೋಣ, ಅಂದರೆ ಪುಣೆಗೆ. ಪೋಲೋದ ಐದನೇ ತಲೆಮಾರು 2009ರಲ್ಲಿ ಜಿನೀವಾದಲ್ಲಿ ಬಿಡುಗಡೆಯಾಗಿ, 2010ರ ಯುರೋಪಿನ ವರ್ಷದ ಕಾರು, ವಿಶ್ವದ ವರ್ಷದ ಕಾರು ಎರಡೂ ಪ್ರಶಸ್ತಿ ಹೊಡೆಯಿತು. ಅದೇ ಕಾರು 2009ರ ಡಿಸೆಂಬರ್‌ನಲ್ಲಿ ಇಲ್ಲೇ ಚಾಕಣದ ಕಾರ್ಖಾನೆಯಲ್ಲಿ ತಯಾರಾಗಲು ಶುರುವಾಯಿತು. ಭೋಸರಿ, ಚಿಂಚವಡದ ನಮ್ಮ ಎಷ್ಟೋ ಕೇಳುಗರು ದಿನಾ ಕಂಪನಿ ಬಸ್ಸು ಹತ್ತುವುದು ಆ ಕಡೆಗೇ. ಪೋಲೋದ ಅಣ್ಣ ವೆಂಟೋ ಬಂದಾಗ ಒಂದು ತಮಾಷೆ ನಡೆಯಿತು. 2010ರ ಸೆಪ್ಟೆಂಬರ್ 21ರಂದು ಟೈಮ್ಸ್ ಆಫ್ ಇಂಡಿಯಾ, ಹಿಂದೂ ಪತ್ರಿಕೆಗಳ ಪುಟ ತೆರೆದರೆ ಸಾಕು, ಅಂಟಿಸಿದ್ದ ಪುಟ್ಟ ಯಂತ್ರ ಕಾರಿನ ಗುಣಗಾನ ಶುರು ಮಾಡುತ್ತಿತ್ತು! ಬೆಳಕು ಬಿದ್ದರೆ ಮಾತು. ಪೇಪರೇ ಮಾತಾಡತೊಡಗಿದರೆ ನಾವು ರೇಡಿಯೋದವರು ಎಲ್ಲಿಗೆ ಹೋಗಬೇಕು ಹೇಳಿ.

ಇಲ್ಲಿ ತಯಾರಾದ ಮೊದಲ ಪೋಲೋಗಳಲ್ಲಿ ಎರಡು ಬಗೆಯ 1.2 ಲೀಟರ್ ಎಂಜಿನ್ ಇದ್ದವು, ಒಂದು ಪೆಟ್ರೋಲ್, ಒಂದು ಡೀಸೆಲ್. ಎರಡಕ್ಕೂ ಮೂರೇ ಸಿಲಿಂಡರ್. ಪೆಟ್ರೋಲ್ ಎಂಜಿನ್ನಿನ ಮೂಲ ಜರ್ಮನಿಯೂ ಅಲ್ಲ, ಚೆಕ್ ದೇಶದ ಸ್ಕೋಡಾ ಊರು ಮ್ಲಾಡಾ ಬೊಲೆಸ್ಲಾವ್. ನಿಂತಾಗ ಸ್ವಲ್ಪ ನಡುಗುವುದು ಅದರ ಹುಟ್ಟುಗುಣ. ಅದರಲ್ಲಿ ಟೈಮಿಂಗ್ ಚೈನ್ ಇದೆ, ಅದನ್ನು ಬಿಗಿಯಾಗಿ ಹಿಡಿಯುವುದು ಆಯಿಲ್ ಒತ್ತಡ. ಹಾಗಾಗಿ ಆಯಿಲ್ ಬದಲಿಸದೆ ಓಡಿಸಿದವರ ಕಾರು ಬೆಳಗಿನ ಮೊದಲ ಸ್ಟಾರ್ಟಿನಲ್ಲೇ ಗರಗರ ಅಂದು ಗುಟ್ಟು ರಟ್ಟು ಮಾಡುತ್ತದೆ. ಕಾರು ನೋಡಲು ಬೆಳಿಗ್ಗೆಯೇ ಹೋಗಿ. "ನೀವು ಬರೋದಕ್ಕೆ ಮುಂಚೆ ಬಿಸಿ ಮಾಡಿಟ್ಟಿದೀನಿ" ಅಂದರೆ ನಾಳೆ ಬರುತ್ತೇನೆ ಅನ್ನಿ. ಡೀಸೆಲ್‌ಗೆ ಇರುವುದು ಬೆಲ್ಟು. ಅದು ಕಿತ್ತರೆ ಎಂಜಿನ್ನೇ ಹೋದಂತೆ. ಬದಲಿಸಿದ ಬಿಲ್ಲು ತೋರಿಸದಿದ್ದರೆ ಬದಲಿಸಿಲ್ಲ ಅಂತಲೇ ಲೆಕ್ಕ ಹಾಕಿ ಬೆಲೆ ಮಾತಾಡಿ.

2013ರಲ್ಲಿ ಬಂದ ಜಿಟಿ ಟಿಎಸ್‌ಐ ಓಡಿಸಲು ಬೆಣ್ಣೆ. ಕ್ಲಚ್ ತುಳಿಯುವಂತಿಲ್ಲ, ಏಳು ಗೇರು ತಾನಾಗಿ ಬೀಳುತ್ತವೆ. ಆದರೆ ಅದೇ 2013ರಲ್ಲಿ ಈ ಡಿಎಸ್‌ಜಿ ಗೇರ್‌ಬಾಕ್ಸಿನ ತೊಂದರೆಗಾಗಿ ಚೀನಾದಲ್ಲಿ 3.8 ಲಕ್ಷಕ್ಕೂ ಹೆಚ್ಚು ಕಾರುಗಳನ್ನು ವಾಪಸ್ ಕರೆಸಬೇಕಾಯಿತು. ಅದರ ಮೆಕಾಟ್ರಾನಿಕ್ ಭಾಗ ಕೈಕೊಟ್ಟರೆ ಬರುವ ಬಿಲ್ಲು ಹಳೇ ಕಾರಿನ ಬೆಲೆಯಲ್ಲಿ ದೊಡ್ಡ ಪಾಲು. ನನ್ನ ಮಟ್ಟಿಗೆ, ಮುಂಬೈಯ ಟ್ರಾಫಿಕ್ಕಿನಲ್ಲಿ ಆಮೆಯಂತೆ ತೆವಳಿದ ಹಳೇ ಡಿಎಸ್‌ಜಿ ಬೇಡವೇ ಬೇಡ. 2015ರ ಡೀಸೆಲ್ ಹಗರಣ ನಿಮಗೆ ನೆನಪಿರಬಹುದು. ಹೊಗೆ ಪರೀಕ್ಷೆಯಲ್ಲಿ ಮೋಸ ಮಾಡುವ ಸಾಫ್ಟ್‌ವೇರ್. ಆ ಡಿಸೆಂಬರ್‌ನಲ್ಲಿ ಭಾರತದಲ್ಲೂ ಸುಮಾರು 3.23 ಲಕ್ಷ ಕಾರುಗಳನ್ನು ಸರಿಪಡಿಸಲು ಕರೆದರು. ಡೀಸೆಲ್ ಕೊಳ್ಳುವುದಾದರೆ ಆ ಕೆಲಸ ಆಗಿದೆಯೇ ಎಂದು ಶಾಸಿ ನಂಬರ್ ಕೊಟ್ಟು ವಿಚಾರಿಸಿ.

ಶಾಸಿ ನಂಬರಿನ ಮಹಿಮೆ ನನಗೆ ಗೊತ್ತಾದದ್ದೂ ಹೀಗೆಯೇ. ನಾವು ಮೊದಲು ನೋಡಿದ ಡೀಸೆಲ್ ಕಾರಿನ ಮೀಟರು 48,000 ತೋರಿಸುತ್ತಿತ್ತು. ಪಾಲಿಶ್ ಹೊಡೆದು ಫಳಫಳ. ನನ್ನ ಯಜಮಾನರು ಅಡ್ವಾನ್ಸ್ ಕೊಡಲು ಕೈ ಜೇಬಿಗೆ ಹಾಕಿದ್ದರು. ಸರ್ವಿಸ್ ಪುಸ್ತಕ ಕೇಳಿದರೆ "ಕಳೆದುಹೋಗಿದೆ". ಅನುಮಾನ ಬಂದು ಸರ್ವಿಸ್ ಸೆಂಟರಿನಲ್ಲಿ ನಂಬರ್ ಕೊಟ್ಟು ವಿಚಾರಿಸಿದರೆ, ಮೂರು ವರ್ಷದ ಹಿಂದೆಯೇ 1,10,000 ಓಡಿತ್ತು! ಅಪ್ಪ ಹೇಳಿದ ಹಲ್ಲು ಇದೇ. ಇನ್ನೊಂದು ಹಲ್ಲು ಡಿಕ್ಕಿಯಲ್ಲಿದೆ. ಸ್ಟೆಪ್ನಿ ಇಡುವ ಗುಂಡಿಯಲ್ಲಿ ಒಂದು ಬಿಳಿ ಚೀಟಿ ಅಂಟಿಸಿರುತ್ತಾರೆ. ಶಾಸಿ ನಂಬರ್, ಎಂಜಿನ್ ಮತ್ತು ಗೇರ್‌ಬಾಕ್ಸಿನ ಸಂಕೇತ, ಬಣ್ಣದ ಸಂಕೇತ ಎಲ್ಲ ಅದರಲ್ಲಿ. ಕಾರಿನ ಜಾತಕ ಅನ್ನಿ. ಆರ್‌ಸಿಯ ಜೊತೆ ತಾಳೆ ನೋಡಿ. ಆ ಗುಂಡಿಯಲ್ಲೇ ಒಣಗಿದ ಮಣ್ಣು, ತುಕ್ಕು ಕಂಡರೆ ಎಚ್ಚರ. ಚೆನ್ನೈ 2015ರ ಡಿಸೆಂಬರ್‌ನಲ್ಲಿ ಮುಳುಗಿತು, ಹೈದರಾಬಾದು 2020ರ ಅಕ್ಟೋಬರ್‌ನಲ್ಲಿ. ನೀರು ಕುಡಿದ ಕಾರುಗಳು ಒಣಗಿ, ಬೇರೆ ಊರಿನ ಮಾರುಕಟ್ಟೆಗೆ ಬರುವುದು ಹೊಸದಲ್ಲ. ಸೀಟ್ ಬೆಲ್ಟನ್ನು ಕೊನೆತನಕ ಎಳೆದು ಕಲೆ ಇದೆಯೇ ನೋಡಿ, ಕಾರ್ಪೆಟ್ ಎತ್ತಿ ಮೂಸಿ. ಮಾರುವವರು ವಿಚಿತ್ರವಾಗಿ ನೋಡಿದರೆ ನೋಡಲಿ ಬಿಡಿ.

ಕೊನೆಗೆ ನಾವು ಕೊಂಡದ್ದು 2012ರ ಪೆಟ್ರೋಲ್ ಪೋಲೋ, ನಿವೃತ್ತ ಬ್ಯಾಂಕ್ ಅಧಿಕಾರಿಯೊಬ್ಬರಿಂದ. ಮೀಟರು 91,000. ಆದರೆ ಒಂದು ದಪ್ಪ ಫೈಲು ತುಂಬ ಬಿಲ್ಲು, ತಾರೀಖಿನ ಪ್ರಕಾರ. ಕೊಂಡ ಆರು ತಿಂಗಳಿಗೆ ಎಂಜಿನ್ ವಿಪರೀತ ನಡುಗತೊಡಗಿತು. ಒಂದು ದೊಡ್ಡ ಗ್ಯಾರೇಜಿನಲ್ಲಿ ಮೌಂಟು, ಇಂಜೆಕ್ಟರು ಅಂತ 38,000 ರೂಪಾಯಿ ಅಂದಾಜು ಬರೆದುಕೊಟ್ಟರು. ಪೋಲೋ ಅಲ್ಲ, ದುಡ್ಡು ಪೋಲು ಅಂತ ನೆರೆಮನೆಯವರು ಆಡಿಕೊಂಡದ್ದು ನಿಜವಾಯಿತಲ್ಲ ಅಂತ ಅಳುವೇ ಬಂತು. ನಮ್ಮ ಗಲ್ಲಿಯ ಮೆಕ್ಯಾನಿಕ್ ಲ್ಯಾಪ್‌ಟಾಪ್ ಕೇಬಲ್ ಚುಚ್ಚಿ ಹತ್ತು ನಿಮಿಷದಲ್ಲಿ ಹೇಳಿದ: ಮೂರರಲ್ಲಿ ಒಂದು ಸಿಲಿಂಡರಿನ ಇಗ್ನಿಷನ್ ಕಾಯಿಲ್ ಸತ್ತಿದೆ. ಹನ್ನೆರಡು ವರ್ಷದ ಕಾರು, ಒಂದು ಕಾಯಿಲ್ ಹೋಗಬಾರದೇ? ಕೆಲವು ಸಾವಿರದಲ್ಲಿ ಕೆಲಸ ಮುಗಿಯಿತು. ಅದಾದ ಮೇಲೆ 15,000 ಕಿಲೋಮೀಟರ್ ತನಕ ಕಾಯದೆ ಹತ್ತು ಸಾವಿರಕ್ಕೇ ಆಯಿಲ್ ಬದಲಿಸುತ್ತೇವೆ, ಡಬ್ಬಿಯ ಮೇಲೆ 502 00 ಅಂತ ಬರೆದದ್ದನ್ನೇ ಹಾಕಿಸುತ್ತೇವೆ, ಬಿಲ್ಲು ಅದೇ ಫೈಲಿಗೆ ಸೇರಿಸುತ್ತೇವೆ. ಬಿಡಿಭಾಗ ಸಿಗುತ್ತದೆಯೇ? ಪೋಲೋ 2022ರಲ್ಲಿ ಭಾರತದಲ್ಲಿ ನಿಂತುಹೋಯಿತು ನಿಜ. ಆದರೆ ವೆಂಟೋ, ಸ್ಕೋಡಾ ರ‍್ಯಾಪಿಡ್ ಎರಡೂ ಅದರ ಒಡಹುಟ್ಟುಗಳು, ಎಷ್ಟೋ ಭಾಗ ಒಂದೇ. ನಮಗಿನ್ನೂ ತೊಂದರೆಯಾಗಿಲ್ಲ.

ಒಂದು ತಪ್ಪು ಮಾತ್ರ ನನ್ನದೇ. 2014ರ ಜನವರಿಯಲ್ಲಿ ಗ್ಲೋಬಲ್ ಎನ್‌ಕ್ಯಾಪ್ ಸಂಸ್ಥೆ ಭಾರತದ ಐದು ಪುಟ್ಟ ಕಾರುಗಳನ್ನು ಡಿಕ್ಕಿ ಹೊಡೆಸಿ ಪರೀಕ್ಷಿಸಿತು. ಏರ್‌ಬ್ಯಾಗ್ ಇಲ್ಲದ ಪೋಲೋಗೆ ದೊಡ್ಡವರ ರಕ್ಷಣೆಯಲ್ಲಿ ಸೊನ್ನೆ ನಕ್ಷತ್ರ. ಎರಡು ಏರ್‌ಬ್ಯಾಗ್ ಇದ್ದ ಅದೇ ಪೋಲೋಗೆ ನಾಲ್ಕು. ಆಮೇಲೆ ಎಲ್ಲ ಪೋಲೋಗಳಿಗೂ ಏರ್‌ಬ್ಯಾಗ್ ಬಂತು. ನಮ್ಮದು ಅದಕ್ಕಿಂತ ಹಳೆಯದು, ಕೆಳದರ್ಜೆಯ ಮಾಡೆಲ್ಲು. ಆಯಿಲು, ಚೈನು, ಚೀಟಿ ಎಲ್ಲ ನೋಡಿದ ನಾನು ಸ್ಟೇರಿಂಗ್ ಮೇಲೆ ಏರ್‌ಬ್ಯಾಗ್ ಅಂತ ಬರೆದಿದೆಯೇ ಅಂತ ನೋಡಲೇ ಇಲ್ಲ. ಮಗಳನ್ನು ಕೂರಿಸಿಕೊಂಡು ಎಕ್ಸ್‌ಪ್ರೆಸ್‌ವೇ ಹತ್ತುವಾಗೆಲ್ಲ ಅದು ನೆನಪಾಗುತ್ತದೆ. ಪಿಂಪ್ರಿಯ ಸಾರ್, ನೀವು ನೋಡಿರುವುದು 2014ಕ್ಕಿಂತ ಹಿಂದಿನದಾದರೆ ಮೊದಲು ಅದನ್ನೇ ನೋಡಿ. ಬೆಲೆ ಆಮೇಲೆ.

ಊರಿನಿಂದ ಕೆಎ ನಂಬರಿನ ಕಾರು ತರುವವರಿಗೆ ಒಂದು ಮಾತು. ಬೇರೆ ರಾಜ್ಯದಲ್ಲಿ 12 ತಿಂಗಳಿಗಿಂತ ಹೆಚ್ಚು ಇಟ್ಟುಕೊಂಡರೆ ಅಲ್ಲಿ ಮತ್ತೆ ನೋಂದಣಿ ಆಗಬೇಕು. ಫಾರಂ 28ರ ಎನ್‌ಒಸಿ, ಹೆಸರು ಬದಲಿಸಲು ಫಾರಂ 29 ಮತ್ತು 30, ಸಾಲ ತೀರಿದ್ದರೆ ಫಾರಂ 35. ಇಲ್ಲಿನ ರಸ್ತೆ ತೆರಿಗೆಯನ್ನೂ ಬೆಲೆಗೆ ಸೇರಿಸಿ ಲೆಕ್ಕ ಹಾಕಿ, ಅಗ್ಗ ಅನಿಸಿದ್ದು ಅಗ್ಗವಾಗಿ ಉಳಿಯುತ್ತದೋ ಇಲ್ಲವೋ ನೋಡಿ. ದೆಹಲಿಯ ಕೇಳುಗರೇ, 10 ವರ್ಷದ ಡೀಸೆಲ್, 15 ವರ್ಷದ ಪೆಟ್ರೋಲ್ ಗಾಡಿಗಳ ಮೇಲೆ ನಿಮ್ಮಲ್ಲಿ ಬಂದ ಆದೇಶಗಳು ಹಲವು ಸಲ ಬದಲಾಗಿವೆ, ಕೊಳ್ಳುವ ವಾರವೇ ಆರ್‌ಟಿಓದಲ್ಲಿ ವಿಚಾರಿಸಿ.

2010ರ ಮೊದಲ ಚಾಕಣ ಪೋಲೋಗಳಿಗೆ 2025ರಲ್ಲಿ 15 ತುಂಬಿತು. ನಮ್ಮದಕ್ಕೆ 2027ರಲ್ಲಿ ತುಂಬುತ್ತದೆ. ಆರ್‌ಸಿ ನವೀಕರಣದ ಶುಲ್ಕ 2022ರ ಏಪ್ರಿಲ್‌ನಲ್ಲೇ 600 ರೂಪಾಯಿಯಿಂದ 5,000ಕ್ಕೆ ಏರಿದೆ, ಜೊತೆಗೆ ಫಿಟ್‌ನೆಸ್ ಪರೀಕ್ಷೆ. ನವೀಕರಿಸೋಣ ಅನ್ನುವುದು ಯಜಮಾನರ ವಾದ. ಏರ್‌ಬ್ಯಾಗ್ ಇರುವ 2016ರದೊಂದನ್ನು ಹುಡುಕೋಣ ಅನ್ನುವುದು ನನ್ನದು. ಅಪ್ಪ ಫೋನಿನಲ್ಲಿ "ನಿನ್ನ ಎತ್ತ ಹೆಂಗೈತಿ?" ಅಂತ ವಾರಕ್ಕೊಮ್ಮೆ ಕೇಳುತ್ತಾರೆ. ಈ ಭಾನುವಾರ ಕೂಲಂಟ್ ಬದಲಿಸುವುದಿದೆ. ಗುಲಾಬಿ ಬಣ್ಣದ್ದು.